ಪಾದದಳತೆಯ ಮಣೆ

ಕಾಕಾರ ಕಾಲಿನ ಹೆಬ್ಬೆರಳಿಗೂ ಪಕ್ಕದ ಬೆರಳಿಗೂ ನಡುವೆ ಒಂದು ಪೆನ್ಸಿಲ್ ಸಲೀಸಾಗಿ ತೂರುವಷ್ಟು ಸಂದಿತ್ತು. ಅವರ ಊರು ಬೆಳಗಾವಿ ಜಿಲ್ಲೆಯಲ್ಲಿ, ಮನೆ ಚಪ್ಪಲಿ ಹೊಲಿಯುವವರ ಓಣಿಗೆ ತಾಗಿಕೊಂಡೇ ಇತ್ತಂತೆ. ಇಂಜಿನಿಯರಿಂಗ್ ಕಾಲೇಜು ಸೇರುವವರೆಗೂ ಬೂಟು ಕಾಣದ ಕಾಲು. ಹೆಬ್ಬೆರಳಿಗೆ ಚರ್ಮದ ಉಂಗುರ ತೊಟ್ಟು ಬೆಳೆದ ಆ ಪಾದ ಮಿಶಿಗನ್ನಿನ ಎಷ್ಟೋ ಚಳಿಗಾಲಗಳನ್ನು ದಪ್ಪ ಬೂಟಿನೊಳಗೆ ಕಳೆದರೂ ಆ ಸಂದಿಯನ್ನು ಬಿಟ್ಟುಕೊಟ್ಟಿರಲಿಲ್ಲ. ಟ್ರಾಯ್‌ನಲ್ಲಿ ನಮ್ಮದೂ ಅವರದೂ ಒಂದೇ ಬಡಾವಣೆ, ಅಲ್ಲಿಯವರ ಮಾತಿನಲ್ಲಿ ಒಂದೇ ಸಬ್‌ಡಿವಿಷನ್. ನಮ್ಮ ಮನೆಗೆ ಬಂದರೆ ಬಾಗಿಲಲ್ಲೇ ಬೂಟು, ಕಾಲುಚೀಲ ಎರಡೂ ಬಿಚ್ಚಿ, ಕಾರ್ಪೆಟ್ಟಿನ ಮೇಲೆ ಬೆರಳುಗಳನ್ನು ಬೀಸಣಿಗೆಯ ಹಾಗೆ ಅಗಲಿಸಿ, "ಆಹಾ, ಈಗ ಉಸರಾಡಾಕ ಹತ್ತಿದ್ವು ನೋಡು," ಎನ್ನುತ್ತಿದ್ದರು.

ಮೊದಲ ಸಲ ನಾನು ಅವರನ್ನು ಅಂಕಲ್ ಅಂದಿದ್ದೆ. ಅವರು ತಕ್ಷಣ ಕೈ ಅಡ್ಡ ಹಿಡಿದರು. "ಅಂಕಲ್ ಅನಬ್ಯಾಡವಾ, ವಿಮಾ ಏಜೆಂಟ್ ಆದಂಗ ಅನಸತೈತಿ. ನಮ್ಮ ಕಡೆ ಹಿಂದೂ ಮಂದಿ ಮಕ್ಕಳೂ ನಮ್ಮಪ್ಪಗ ಕಾಕಾ ಅಂತಿದ್ರು. ನೀನೂ ಹಂಗ ಅನ್ನು." ಅಂದಿನಿಂದ ಅವರು ಕಾಕಾ. ಅವರ ಹೆಂಡತಿ ಮಾತ್ರ, ಯಾಕೋ, ಕಾಕು ಆಗದೆ ಚಾಚಿಯಾಗಿಯೇ ಉಳಿದರು. ನನ್ನ ಮಾತಿನಲ್ಲಿ ಮೈಸೂರಿನ ಅಜ್ಜಿ ಕೊಟ್ಟದ್ದು ಅರ್ಧ. ಉಳಿದರ್ಧ ಈ ಕಾಕಾ ಕಾರಿನಲ್ಲಿ ಕೊಟ್ಟದ್ದು.

ಕಾರು ಎಂದರೆ ನಾವಿಬ್ಬರೂ ಕೆಲಸಕ್ಕೆ ಹೋಗುತ್ತಿದ್ದ ಕಾರು. ಕಾರುಗಳಿಗೆ ಸೀಟು ಮಾಡಿಕೊಡುವ ಒಂದು ಕಂಪನಿಯಲ್ಲಿ ಅವರು ಹಿರಿಯ ಇಂಜಿನಿಯರ್, ನಾನು ಅವರ ಕೈಕೆಳಗೆ ಡ್ರಾಯಿಂಗ್ ಮಾಡುವವಳು. ದಿನಾ ಬೆಳಗ್ಗೆ ಟ್ರಾಯ್‌ನಿಂದ ಡಿಯರ್‌ಬಾರ್ನ್‌ಗೆ ಒಟ್ಟಿಗೆ ಡ್ರೈವ್ ಮಾಡುತ್ತಿದ್ದೆವು. ಅವರ ಕೆಲಸವನ್ನು ಒಂದೇ ಮಾತಿನಲ್ಲಿ ಹೇಳಬಹುದು: ತೂಕ ಇಳಿಸುವುದು. ಸೀಟಿನ ಕೆಳಗಿರುವ, ಯಾರ ಕಣ್ಣಿಗೂ ಬೀಳದ ಕಬ್ಬಿಣದ ಚೌಕಟ್ಟಿನಿಂದ ಇಲ್ಲಿ ಚೂರು, ಅಲ್ಲಿ ಚೂರು ಲೋಹ ಕೆರೆದು ತೆಗೆಯುತ್ತ ಅವರ ಆಯುಸ್ಸು ಕಳೆದಿತ್ತು. ಆ ಚಟ ಮನೆಯವರೆಗೂ ಬಂದಿತ್ತು. ಯಾವ ವಸ್ತು ಕಂಡರೂ ಹೆಬ್ಬೆರಳು ತೋರುಬೆರಳಿನ ನಡುವೆ ಎತ್ತಿ, ಕಣ್ಣು ಮುಚ್ಚಿ, ಒಂದು ಕ್ಷಣ ತೂಗುತ್ತಿದ್ದರು. ನಮ್ಮಮ್ಮ ಊರಿಂದ ಹೊತ್ತು ತಂದ ಸ್ಟೀಲ್ ಲೋಟ ಎತ್ತಿ, "ಇದರಾಗ ಅರ್ಧ ಲೋಹ ಸುಮ್ಮನ ಕುಂತೈತಿ, ದುಡಿಯಾಂಗಿಲ್ಲ," ಎಂದಿದ್ದರು. ನಮ್ಮಮ್ಮ ಮುಖ ಊದಿಸಿಕೊಂಡು, "ಕಾಫಿ ದುಡಿಯುತ್ತೆ, ಕುಡೀರಿ," ಅಂದರು.

ಆದರೆ ಕೆರೆಯುವುದಕ್ಕೂ ಅವರಲ್ಲಿ ಒಂದು ಧರ್ಮವಿತ್ತು. ನಾನು ಹೊಸದರಲ್ಲಿ ಒಂದು ಬ್ರಾಕೆಟ್ಟಿನ ಡ್ರಾಯಿಂಗ್ ತೋರಿಸಿದಾಗ ಅದನ್ನು ದೂರ ಸರಿಸಿದರು. "ಕುಂತ ಮನಶಾಗ ಹಿಡೀತೈತಿ. ದಪ್ಪ ಮನಶಾ ಧೊಪ್ಪಂತ ಬಿದ್ರ? ಹಿಂದ ಒಬ್ಬಾಂವ ಬಂದು ಗುದ್ದಿದ್ರ? ಒಂದ ಕೇಸಿಗೆ ಡಿಸೈನ್ ಮಾಡಾಂವ ಇಂಜಿನಿಯರ್ ಅಲ್ಲ ಯವ್ವಾ, ಜೂಜುಕೋರ." ಈ ಮಾತನ್ನು ಎಷ್ಟು ಸಲ ಹೇಳಿದ್ದರೋ ಲೆಕ್ಕವಿಲ್ಲ. ಆಫೀಸಿನಲ್ಲಿದ್ದ ಅಮೆರಿಕನ್ ಹುಡುಗರಿಗೂ ಇಂಗ್ಲಿಷಿನಲ್ಲಿ ಇದನ್ನೇ ಹೇಳಿ ಅವರ ತಲೆ ತಿಂದಿದ್ದರು.

ಇಂಥ ಮನುಷ್ಯನಿಗೆ ಬೇಟೆಯ ಹುಚ್ಚು ಹತ್ತಿದ್ದು ಮಾಂಸದ ದೆಸೆಯಿಂದ. ಅವರು ಬಂದ ಹೊಸದರಲ್ಲಿ ಹಲಾಲ್ ಮಾಂಸ ಬೇಕೆಂದರೆ ಬಹಳ ದೂರ ಹೋಗಬೇಕಿತ್ತಂತೆ. ಜೊತೆಯಲ್ಲಿ ಕೆಲಸ ಮಾಡುತ್ತಿದ್ದ ಒಬ್ಬ ರೈತನ ಮಗ, "ನೀನೇ ಹೊಡಿ, ನಿನ್ನ ದೇವರ ಹೆಸರಲ್ಲೇ ಹೊಡಿ," ಎಂದು ತನ್ನ ಹೊಲದಂಚಿನ ಕಾಡಿಗೆ ಕರೆದುಕೊಂಡು ಹೋದ. ಬಂದೂಕಿನ ಸದ್ದು ಕಾಕಾರಿಗೆ ಆಗಿಬರಲಿಲ್ಲ. ಎರಡು ತುದಿಗೂ ಪುಟ್ಟ ಗಾಲಿಗಳಿರುವ ಬಿಲ್ಲು ಕೈಗೆ ಹೊಂದಿತು. ಬಾಣ ಬಿಡುವ ಮೊದಲು ಬಿಸ್ಮಿಲ್ಲಾ ಎಂಬ ಮಾತು ಬಾಯಿಂದ ಬರಬೇಕು. ಹೆಸರಿಲ್ಲದೆ ಹೋದ ಬಾಣದ ಮಾಂಸ ಅವರಿಗೆ ಮಾಂಸವಲ್ಲ. ಹಿತ್ತಿಲಲ್ಲಿ ಹುಲ್ಲಿನ ಗುರಿಗೆ ಅಭ್ಯಾಸ ಮಾಡುವಾಗಲೂ ಪ್ರತಿ ಬಾಣಕ್ಕೂ ಹೇಳುತ್ತಿದ್ದರು. "ಹುಲ್ಲಿಗೂ ಹೇಳಬೇಕೇ ಕಾಕಾ?" ಅಂದರೆ, "ಹುಲ್ಲಿಗಲ್ಲವಾ, ನಾಲಿಗಿಗೆ. ರೂಢಿ ತಪ್ಪಬಾರದು," ಎನ್ನುತ್ತಿದ್ದರು.

ವರ್ಷಕ್ಕೊಂದೋ ಎರಡೋ ಜಿಂಕೆ ಬರುತ್ತಿತ್ತು. ಅವರ ಕಡೆಯ ಎಷ್ಟೋ ಮನೆಗಳ ಫ್ರೀಜರಿಗೆ ಪೊಟ್ಟಣ ಕಟ್ಟಿ ಹಂಚುತ್ತಿದ್ದರು. ನಾವು ಮೊಟ್ಟೆಯನ್ನೂ ಮುಟ್ಟದವರು. ಆದರೂ ನಮ್ಮ ಪಾಲು ತಪ್ಪುತ್ತಿರಲಿಲ್ಲ. ಆ ಕಾಡಿನಲ್ಲಿ ಹಿಕರಿ ಮರಗಳಿದ್ದವು. ಅಕ್ರೋಟದ ತಮ್ಮನಂಥ ಕಾಯಿ, ಚಿಪ್ಪು ಕಲ್ಲಿನಷ್ಟು ಗಟ್ಟಿ, ಒಳಗಿನ ತಿರುಳು ಬೆಣ್ಣೆಯಲ್ಲಿ ಅದ್ದಿದಷ್ಟು ಸಿಹಿ. ಬೇಟೆಯಿಂದ ಬಂದವರು ಜೇಬು ತುಂಬ ಅದನ್ನು ತಂದು ನನ್ನ ಅಡುಗೆ ಕಟ್ಟೆಯ ಮೇಲೆ ಸುರಿಯುತ್ತಿದ್ದರು. "ತಗೋ, ನಿನ್ನ ಪಾಲು. ಇದೂ ಶಿಕಾರಿ." ಒಂದು ಕಾಯಿಯೂ ಪೊಳ್ಳು ಇರುತ್ತಿರಲಿಲ್ಲ. ನೆಲದಿಂದ ಎತ್ತುವಾಗಲೇ ಎರಡು ಬೆರಳಲ್ಲಿ ತೂಗಿ ಹಗುರಾದದ್ದನ್ನು ಅಲ್ಲೇ ಬಿಟ್ಟು ಬರುತ್ತಿದ್ದರು. ನನಗೂ ಕಲಿಸಿದರು. "ಕಣ್ಣು ಮುಚ್ಚು. ಬೆರಳು ಸುಳ್ಳು ಹೇಳಂಗಿಲ್ಲ."

ಆಮೇಲೆ ಆ ಕೆಟ್ಟ ಕಾಲ ಬಂತು. ಡೆಟ್ರಾಯಿಟಿನ ಸುತ್ತ ಇದ್ದವರಿಗೆ ಅದನ್ನು ವಿವರಿಸಬೇಕಾಗಿಲ್ಲ. ಕಾರು ಕಂಪನಿಗಳು ಕೆಮ್ಮಿದವು, ಅವುಗಳಿಗೆ ಸೀಟು, ಬಾಗಿಲು, ಬೋಲ್ಟು ಮಾಡಿಕೊಡುವವರು ಮಲಗಿದರು. ಸಬ್‌ಡಿವಿಷನ್ನಿನಲ್ಲಿ ಸಾಲದ ಕಂತು ಕಟ್ಟಲಾಗದ ಒಂದೊಂದೇ ಮನೆಯ ಬಾಗಿಲಿಗೆ ಬ್ಯಾಂಕಿನ ಬೀಗದಪೆಟ್ಟಿಗೆ ಬಿತ್ತು. ಖಾಲಿ ಮನೆಗಳಿಂದ ಯಾರೋ ತಾಮ್ರದ ಪೈಪು ಕಿತ್ತುಕೊಂಡು ಹೋಗುತ್ತಿದ್ದರು. ಬೇಸಿಗೆಯ ಮೊದಲಲ್ಲಿ ಒಂದು ಬೆಳಗ್ಗೆ ನಮ್ಮಿಬ್ಬರನ್ನೂ ಒಂದೇ ಕೋಣೆಗೆ ಕರೆದು ಒಂದೇ ಮಾತಿನಲ್ಲಿ ಮನೆಗೆ ಕಳಿಸಿದರು. ಡಿಯರ್‌ಬಾರ್ನ್‌ನಿಂದ ವಾಪಸು ಬರುವಾಗ ಕಾರು ಓಡಿಸುತ್ತಿದ್ದವರು ಕಾಕಾ. ಹೆದ್ದಾರಿಯಿಂದ ಇಳಿಯುವ ನಮ್ಮ ಎಕ್ಸಿಟ್ ಬಂದಾಗ ನಕ್ಕರು.

"ಇಷ್ಟು ವರ್ಷ ನಾ ಅವರಿಗೆ ತೂಕ ಕಮ್ಮಿ ಮಾಡಿ ಕೊಟ್ಟೆ. ಈಗ ಅವರೂ ಕಲತ್ರು."

ಚಾಚಿ ಒಂದು ದಿನಸಿ ಅಂಗಡಿಯಲ್ಲಿ ಕೌಂಟರಿನ ಕೆಲಸ ಹಿಡಿದರು. ಮಗಳು ಶಿಕಾಗೋ ಪಕ್ಕದ ಗ್ಲೆಂಡೇಲ್ ಹೈಟ್ಸ್‌ನಲ್ಲಿ ಗಂಡನೊಂದಿಗೆ ಇದ್ದಳು. ಇಲ್ಲಿಗೇ ಬಂದುಬಿಡಿ ಎಂದು ಫೋನಿನಲ್ಲಿ ಕರೆಯುತ್ತಿದ್ದಳು. ಕಾಕಾ ಎಲ್ಲೆಲ್ಲೋ ಅಪ್ಲೈ ಮಾಡಿದರು. ಅವರ ವಯಸ್ಸಿನವರನ್ನು ಕೇಳುವವರೇ ಇರಲಿಲ್ಲ. ಚಾಚಿ ಕೆಲಸಕ್ಕೆ ಹೊರಡುವಾಗ ಊಟದ ಡಬ್ಬಿ ಕಟ್ಟಿಕೊಡುವುದು ಈಗ ಕಾಕಾರ ಕೆಲಸ. ನಾನು ಹೋದಾಗ ಒಂದು ದಿನ ರೊಟ್ಟಿ ಸುತ್ತುತ್ತ, ನನ್ನ ಮುಖ ನೋಡದೆ ಹೇಳಿದರು: "ಎಲ್ಲಾ ಆಕೀನ ತರ್ತಾಳ. ಈ ವರ್ಷ ಮನೀಗೆ ನಾನೂ ಏನರ ತಂದ್ಹಾಕಬೇಕವಾ. ಒಂದ ಜಿಂಕಿ ಆದ್ರೂ ಸಾಕು. ಚಳಿಗಾಲ ಪೂರ್ತಿ ಇದು ನಮ್ಮ ಮನಿಯಾಂವ ತಂದದ್ದು ಅಂತ ಆಕಿ ಅಡಗಿ ಮಾಡಬೇಕು."

ಆದರೆ ಅವರು ಬೇಟೆಗೆ ಹೋಗುತ್ತಿದ್ದ ಹೊಲವೇ ಆ ವರ್ಷ ಬ್ಯಾಂಕಿನ ಪಾಲಾಗಿತ್ತು. ಅಲ್ಲಿ ಮರಕ್ಕೆ ಒರಗಿಸಿ ಕಾಯಂ ಆಗಿ ಬಿಟ್ಟಿದ್ದ ಏಣಿ, ಕೂರುವ ಅಟ್ಟ ಎಲ್ಲವೂ ಅದರ ಜೊತೆಗೇ ಹೋದವು. ಇನ್ನು ಉಳಿದದ್ದು ಸರ್ಕಾರಿ ಕಾಡು. ರಸ್ತೆಯಿಂದ ಒಂದು ಮೈಲಿಗೂ ಹೆಚ್ಚು ಒಳಗೆ ನಡೆಯದಿದ್ದರೆ ಅಲ್ಲಿ ಜಿಂಕೆಯ ಬಾಲವೂ ಕಾಣದು. ಮರಕ್ಕೆ ಮೊಳೆ ಹೊಡೆಯುವಂತಿಲ್ಲ. ಲೋಹದ ಏನನ್ನೇ ಬಿಟ್ಟು ಬಂದರೂ ಆ ವರ್ಷಗಳಲ್ಲಿ ಅದು ಮರುದಿನಕ್ಕೆ ಗುಜರಿ ಅಂಗಡಿಯಲ್ಲಿರುತ್ತಿತ್ತು. ಎಲ್ಲವನ್ನೂ ಬೆನ್ನ ಮೇಲೆ ಹೊತ್ತು ಹೋಗಿ, ಹೊತ್ತು ತರಬೇಕು. ಭಾರ ಹೊತ್ತರೆ ಮೈ ಬೆವರುತ್ತದೆ. ಬೆವರಿದರೆ ಜಿಂಕೆಗೆ ವಾಸನೆ ಸಿಗುತ್ತದೆ, ಆಮೇಲೆ ಚಳಿಯೂ ಹಿಡಿಯುತ್ತದೆ.

ಹಾಗಾಗಿ ಕಾಕಾ ಜೀನು ಹಾಕಿಕೊಳ್ಳಲು ನಿಶ್ಚಯಿಸಿದರು. ಜೀನು ಎಂದರೆ ಕುದುರೆಯದಲ್ಲ. ಸೊಂಟಕ್ಕೂ ತೊಡೆಗೂ ಸುತ್ತಿಕೊಳ್ಳುವ ಬಟ್ಟೆಯ ಪಟ್ಟಿ, ಅದಕ್ಕೊಂದು ಹಗ್ಗ, ಹಗ್ಗದ ತುದಿ ಮರಕ್ಕೆ. ತೆಂಗಿನ ಮರ ಹತ್ತಿದವನು ಬಳ್ಳಿಗೆ ಮೈಭಾರ ಬಿಟ್ಟು ಹಿಂದಕ್ಕೆ ಒರಗುವ ಹಾಗೆ ಬೇಟೆಗಾರ ಮರದ ಮೇಲೆ ಒರಗಿ ನಿಲ್ಲುತ್ತಾನೆ. ಅದಕ್ಕೆ ಸ್ಯಾಡಲ್ ಎನ್ನುತ್ತಾರೆ. ಮಡಚಿದರೆ ಚೀಲದ ಮೂಲೆಯಲ್ಲಿ ಕೂರುತ್ತದೆ. ಉಳಿದ ಸಮಸ್ಯೆ ಒಂದೇ: ಗಂಟೆಗಟ್ಟಲೆ ಹಾಗೆ ನಿಲ್ಲಲು ಪಾದದ ಕೆಳಗೆ ಏನಾದರೂ ಬೇಕು. ಪ್ಲಾಟ್‌ಫಾರ್ಮ್. ನಮ್ಮಿಬ್ಬರ ಭಾಷೆಯಲ್ಲಿ ಅದು ಮಣೆ ಆಯಿತು.

ಆ ಬೇಸಿಗೆ ಪೂರ್ತಿ ನಾವು ಮಣೆ ಆರಿಸಿದೆವು. ಇಬ್ಬರಿಗೂ ಕೆಲಸವಿಲ್ಲ. ಒಂದು ಮರದ ದಿಮ್ಮಿಯನ್ನು ಗ್ಯಾರೇಜಿನ ಗೋಡೆಗೆ ನೆಟ್ಟಗೆ ಬಿಗಿದು, ಕಾಕಾ ಅದಕ್ಕೆ ಜೋತುಬೀಳುತ್ತಿದ್ದರು. ನಾನು ಪ್ಲಾಸ್ಟಿಕ್ ಬಕೆಟ್ಟು ಬೋರಲು ಹಾಕಿ ಕೂತು ನೋಡುತ್ತಿದ್ದೆ. ಒಂದು ಮಧ್ಯಾಹ್ನ ಪಕ್ಕದ ಖಾಲಿ ಮನೆ ತೋರಿಸಲು ಒಬ್ಬ ರಿಯಲ್ಟರ್ ಹೆಂಗಸು ಗಿರಾಕಿಗಳನ್ನು ಕರೆತಂದಳು. ತೆರೆದ ಗ್ಯಾರೇಜಿನಲ್ಲಿ ಗಡ್ಡದ ಮುದುಕನೊಬ್ಬ ಹಗ್ಗಕ್ಕೆ ನೇತಾಡುತ್ತ, ಕಾಣದ ಬಿಲ್ಲನ್ನು ಎಳೆಯುತ್ತಿರುವುದನ್ನು ಕಂಡು ಅವರೆಲ್ಲ ಬಂದ ಕಾರಿಗೇ ಮತ್ತೆ ಹತ್ತಿದರು.

"ಬಾಜೂ ಮನಿ ಮಾರಾಕ ಬಿಡೂದಿಲ್ಲ ನೀವು," ಎಂದರು ಚಾಚಿ ಒಳಗಿನಿಂದ.

"ಚಲೋ ಆತಲ್ಲ. ಹೊಸಬರು ಬಂದ್ರ ನಮ್ಮ ಸದ್ದಿಲ್ಲದ ಓಣಿ ಕೆಡತಿತ್ತು," ಎಂದರು ಕಾಕಾ, ನೇತಾಡುತ್ತಲೇ.

ಅಂಗಡಿಯ ಮಾಲು ತಂದು ನೋಡಿ ಹಿಂತಿರುಗಿಸುವುದು ಈ ದೇಶದಲ್ಲಿ ಸುಲಭ. ಮೊದಲು ತಂದದ್ದು ಸೀಟು ಸಮೇತ ಇದ್ದ ದೊಡ್ಡ ಅಟ್ಟ. ಹೆಗಲಿಗೇರಿಸಿ ನಮ್ಮ ಬೀದಿಯ ತುದಿಯವರೆಗೆ ನಡೆದು ಬಂದವರು ಅಂಗಿಯ ಬೆನ್ನು ತೋರಿಸಿದರು, ತೊಯ್ದುಹೋಗಿತ್ತು. "ಇದು ಮಣಿ ಅಲ್ಲವಾ, ಮಂಚ." ಆಮೇಲೆ ಮರದ ಸುತ್ತ ಪಟ್ಟಿಯಿಂದ ಕಟ್ಟುವ ಬಿಡಿ ಮೆಟ್ಟಿಲುಗಳು. ಬಲು ಹಗುರ. ಆದರೆ ಒಂದೊಂದು ಕಾಲಿಗೆ ಬೆರಳಗಲದ ಸರಳು. ಅಂಗಾಲಿನ ನಡುವೆ ಒತ್ತಿ ಜೋಮು ಹಿಡಿಯಿತು. ಕಾಕಾರಿಗೆ ಸಕ್ಕರೆ ಕಾಯಿಲೆ ಇತ್ತು. "ನನ್ನ ಕಾಲಿಗೆ ಹಿಂಗ ಒತ್ತಬಾರದು," ಎಂದು ಅದನ್ನೂ ತೆಗೆದಿಟ್ಟರು. ಮೂರನೆಯದು ಚಿಕ್ಕ ಉಕ್ಕಿನ ಹಲಗೆ. ಗಾತ್ರ ಸರಿ, ಆದರೆ ಮರಕ್ಕೆ ಕಟ್ಟಲು ಸರಪಳಿ. ಅಲುಗಿದರೆ ಝಣ್ ಝಣ್. "ಜಿಂಕಿಗೆ ಬ್ಯಾಂಡ್ ಬಾರಿಸಿ ಕರದಂಗ ಆತು."

ಕೊನೆಗೆ, ನಾವೇ ಮಾಡೋಣ ಎಂದಾಯಿತು. ಅಲ್ಯುಮಿನಿಯಂ ಹಲಗೆ, ತೊಗಟೆ ಕಚ್ಚಿ ಹಿಡಿಯಲು ಹಿಂಬದಿಗೆ ಹಲ್ಲು, ಸರಪಳಿಯ ಬದಲು ನೇಯ್ದ ಪಟ್ಟಿ, ಮಡಚಿದರೆ ಬೆನ್ನಿಗೆ ಚಪ್ಪಟೆ. ಗಾತ್ರ ಎಷ್ಟು? ಕಾಕಾ ರಟ್ಟಿನ ಪೆಟ್ಟಿಗೆಯೊಂದನ್ನು ಹರಡಿ, ಕಾಲುಚೀಲ ಬಿಚ್ಚಿ, ಅದರ ಮೇಲೆ ನಿಂತರು. "ಬರಿ ಯವ್ವಾ. ನಮ್ಮೂರಾಗ ಚಪ್ಪಲಿ ಹೊಲಿಯಾಂವ ಹಿಂಗ ಅಳತಿ ತಗೋತಿದ್ದ. ಅಂವ ಹೊಲದ ಜೋಡ ಎಂದೂ ಕಾಲು ಕಚ್ಚಲಿಲ್ಲ." ನಾನು ಮಂಡಿಯೂರಿ ಕೂತು, ಆ ಹಳೆಯ ಅಗಲವಾದ ಪಾದಗಳ ಸುತ್ತ ಪೆನ್ಸಿಲು ಓಡಿಸಿದೆ. ಹೆಬ್ಬೆರಳ ಸಂದಿಯಲ್ಲಿ ಪೆನ್ಸಿಲು ಒಳಗೆ ಹೋಗಿ ಹೊರಗೆ ಬಂತು. ಕಚಗುಳಿಯಾಗಿ ಅವರು ಕುಣಿದದ್ದಕ್ಕೆ ಎಡಗಾಲಿನ ಗೆರೆ ಒಂದು ಕಡೆ ಸೊಟ್ಟಗಾಯಿತು.

ಬೇಟೆಯ ತಿಂಗಳಾದ ಅಕ್ಟೋಬರಿಗೆ ಅವರು ತೊಡುತ್ತಿದ್ದದ್ದು ತೆಳು ರಬ್ಬರಿನ ಷೂ. ಅದಕ್ಕಾಗಿ ಚೂರು ಬಿಟ್ಟು, ಉಳಿದದ್ದೆಲ್ಲ ತೆಗೆದರು. ಲ್ಯಾಪ್‌ಟಾಪಿನಲ್ಲಿ ನಾನು ಗೆರೆ ಎಳೆದ ಹಾಗೆಲ್ಲ ಹಿಂದೆ ನಿಂತು ಹೇಳುತ್ತಿದ್ದರು: ಈ ಮೂಲಿ ತಗಿ, ಇಲ್ಲೊಂದು ತೂತು ಹೊಡಿ, ಇದು ಸುಮ್ಮನ ಕುಂತೈತಿ.

"ಅಂಚು ಸ್ವಲ್ಪ ಬಿಡೋಣ್ವಾ ಕಾಕಾ?"

"ಯಾತಕ್ಕ? ಗಾಳಿ ನಿಂದ್ರಾಕೇನು?"

ಪರಿಚಯದ ಒಬ್ಬ ಮುದುಕ ತನ್ನ ಪುಟ್ಟ ವರ್ಕ್‌ಶಾಪಿನಲ್ಲಿ ಅದನ್ನು ಕೊರೆದುಕೊಟ್ಟ. ಆಗಸ್ಟಿನ ಒಂದು ಸಂಜೆ ಕಾಕಾ ಅದನ್ನು ಹೆಬ್ಬೆರಳು ತೋರುಬೆರಳಿನ ನಡುವೆ ಹಿಡಿದು ನಮ್ಮ ಬಾಗಿಲಿಗೆ ಬಂದರು. ಎರಡೇ ಬೆರಳು. ಕೆಲಸ ಹೋದ ಮೇಲೆ ಆ ಮುಖದಲ್ಲಿ ನಾನು ಅಂಥ ಬೆಳಕು ಕಂಡಿರಲಿಲ್ಲ. "ನನ್ನ ಆಯುಷ್ಯದಾಗ ಹಿಂಗ ಒಂದ ಚೂರೂ ಹೆಚ್ಚಿಲ್ಲದ ವಸ್ತು ಮಾಡಿದ್ದಿಲ್ಲ," ಎಂದರು. ಮರಕ್ಕೆ ಕಟ್ಟಿ ನಿಂತು ನೋಡಿದೆವು. ಪಾದ ಅಚ್ಚಿನಲ್ಲಿ ಎರೆದ ಹಾಗೆ ಕೂತಿತು.

ಅಕ್ಟೋಬರಿನಲ್ಲಿ ಬಿಲ್ಲಿನ ಬೇಟೆ ಶುರುವಾಗುವ ಹೊತ್ತಿಗೆ ಒಂದು ಕಂಪನಿಯವರು ಅವರನ್ನು ಇಂಟರ್‌ವ್ಯೂಗೆ ಕರೆದರು. ಅಲ್ಲಿಯ ದೊಡ್ಡವನೊಬ್ಬ ಇವರ ಹಳೆಯ ಕೆಲಸ ಬಲ್ಲವನು. ಕೈ ಕುಲುಕಿ, ಬೇಗ ಫೋನ್ ಮಾಡುತ್ತೇವೆ ಎಂದನಂತೆ. ಸರ್ಕಾರಿ ಕಾಡಿನೊಳಗೆ ಫೋನಿಗೆ ಸಿಗ್ನಲ್ ಸಿಗುವುದಿಲ್ಲ. ಕಾಕಾ ಕಾಡಿಗೆ ಹೋಗಲಿಲ್ಲ. ನಾಳೆ ಬಂದೀತು, ಸೋಮವಾರ ಬಂದೀತು ಎಂದು ಜೇಬಿನಲ್ಲಿ ಫೋನು ಇಟ್ಟುಕೊಂಡು ಹಿತ್ತಿಲಲ್ಲೇ ಹುಲ್ಲಿಗೆ ಬಾಣ ಹೊಡೆದರು. ಮೇಪಲ್ ಕೆಂಪಾಯಿತು, ಉದುರಿತು. ಓಕ್ ಕಾಯಿ ಬಿದ್ದು, ಜಿಂಕೆಗಳು ಮೇಯಲು ಬರುವ ಒಳ್ಳೆಯ ದಿನಗಳು ಒಂದೊಂದಾಗಿ ಕಳೆದವು. "ಹೋಗಿ ಬನ್ನಿ ಕಾಕಾ, ಫೋನು ಚಾಚಿ ಎತ್ತುತ್ತಾರೆ," ಅಂದೆ. "ಮೊದಲನೇ ಸಲ ಕರದಾಗ ಹೆಂಡತಿ ಎತ್ತಿದ್ರ ಏನ ತಿಳಕೋತಾರ? ಮುದುಕ ಮಲಗ್ಯಾನ ಅಂತ ತಿಳಕೋತಾರ," ಎಂದರು. ಆ ಫೋನು ಬರಲೇ ಇಲ್ಲ. ನವೆಂಬರಿನ ನಡುವೆ ಅವರೇ ಕರೆದು ಕೇಳಿದಾಗ, ಆ ಹುದ್ದೆಯೇ ಇಲ್ಲ ಎಂದರಂತೆ.

ನವೆಂಬರ್ ಕೊನೆಯ ಪಾಲು ಬಂದೂಕಿನವರದು. ಬಿಲ್ಲಿನವರಿಗೆ ಮತ್ತೆ ಕಾಡು ಸಿಗುವುದು ಡಿಸೆಂಬರಿನಲ್ಲಿ. ಆಗ ನೆಲದ ಮೇಲೆ ಹಿಮ, ಥರ್ಮಾಮೀಟರು ಹದಿನೈದು ಡಿಗ್ರಿ ಫ್ಯಾರನ್ಹೀಟಿನ ಆಸುಪಾಸು, ನೀರು ಹೆಪ್ಪುಗಟ್ಟುವುದಕ್ಕಿಂತ ಎಷ್ಟೋ ಕೆಳಗೆ. ದಪ್ಪ ಉಣ್ಣೆಯ ಒಳಪದರದ ಬೂಟು ತೊಟ್ಟು ಕಾಕಾ ಗ್ಯಾರೇಜಿನ ದಿಮ್ಮಿಗೆ ಮಣೆ ಕಟ್ಟಿ ನಿಂತರು. ನಾನೂ ಚಾಚಿಯೂ ಅಲ್ಲೇ ಇದ್ದೆವು. ಒಂದು ಬೂಟು ಹಿಡಿಯಿತು. ಇನ್ನೊಂದಕ್ಕೆ ಜಾಗವಿರಲಿಲ್ಲ.

ಅವರು ಕೆಳಗಿಳಿದು ಮಣೆಯನ್ನು ಬಹಳ ಹೊತ್ತು ನೋಡಿದರು. ಇನ್ನೊಂದು ಮಾಡಿಸೋಣವೆಂದರೆ, ವರ್ಕ್‌ಶಾಪಿನ ಮುದುಕನ ಯಂತ್ರಗಳು ಹರಾಜಾಗಿ ಬಾಗಿಲಿಗೆ ಬೀಗ ಬಿದ್ದಿತ್ತು.

"ಬಿಡ್ರಿ ಈ ವರ್ಷ," ಎಂದರು ಚಾಚಿ. "ಫ್ರೀಜರ್ ಖಾಲಿ ಇದ್ರ ಬ್ಯಾಳಿ ಮಾಡ್ತೇನಿ. ಬ್ಯಾಳಿ ತಿಂದು ಯಾರೂ ಸತ್ತಿಲ್ಲ. ಈಕಿನ ನೋಡ್ರಿ, ಹುಟ್ಟಿದಾಗಿಂದ ಬ್ಯಾಳೀನ ತಿಂತಾಳ."

ಕಾಕಾ ನಕ್ಕರು. ಮರುದಿನ ಹೊರಟೇಬಿಟ್ಟರು.

ಅಲ್ಲಿ ನಡೆದದ್ದನ್ನು ಅವರೇ ಚಾಚಿಯ ಅಡುಗೆಮನೆಯಲ್ಲಿ ಕೂತು ನನಗೆ ಹೇಳಿದ್ದು. ಮರ ಹತ್ತಿದ ಮೇಲೆ ಬೂಟು ಬಿಚ್ಚಿ ಹಗ್ಗಕ್ಕೆ ತೂಗುಬಿಟ್ಟರಂತೆ. ಉಣ್ಣೆಯ ಕಾಲುಚೀಲದಲ್ಲಿ ಮಣೆಯ ಮೇಲೆ ನಿಂತರೆ ರಟ್ಟಿನ ಮೇಲೆ ಬರೆದ ಹಾಗೆ ಪಾದ ಕೂತಿತಂತೆ. ಹೀಗೆ ಹಲವು ಮಧ್ಯಾಹ್ನ, ಕತ್ತಲಾಗುವವರೆಗೆ. "ಮೊದಲ ಒಂದ ತಾಸು ಭಾಳ ನೋವಾಕ್ಕಿತ್ತು. ಆಮ್ಯಾಲ ನೋವು ನಿಂತಬಿಡತಿತ್ತು. ನಾ ಅಂದೆ, ಚಲೋ ಆತು, ಮಣಿ ಒಗ್ಗಿತು ಅಂತ."

ಕೊನೆಯ ದಿನ ಜಿಂಕೆ ಬಂತು. ಕೊಬ್ಬಿದ ಹೆಣ್ಣು ಜಿಂಕೆ, ಒಂಟಿ, ಗಾಳಿ ಎದುರಿಗೆ. ಕಾಕಾರ ಕೆಳಗೆ ಹಿಮ ಕೆದರುತ್ತ ನಿಂತಿತು. ಬಿಲ್ಲು ಎಳೆದರು. ಮಣೆ ಕಿರ್ ಎನ್ನಲಿಲ್ಲ. ಹೆಸರು ಹೇಳಬೇಕು. ಮಧ್ಯಾಹ್ನದಿಂದ ಬಾಯಿ ಬಿಟ್ಟಿರಲಿಲ್ಲ. ತುಟಿ ಮರಗಟ್ಟಿ, ಗಂಟಲು ಒಣಗಿತ್ತು. ಪಿಸುಮಾತಿಗೆಂದು ತೆರೆದ ಬಾಯಿಂದ ಮುರಿದ ಬಾಗಿಲು ಎಳೆದಂಥ ಒಂದು ಸದ್ದು ಹೊರಟಿತು.

"ಜಿಂಕಿ ಮ್ಯಾಲ ನೋಡಿತು. ನಾ ಅದನ್ನ ನೋಡಿದೆ. ಹೋತು."

"ಮನಸ್ಸಲ್ಲೇ ಅಂದ್ಕೊಂಡು ಬಿಟ್ಟುಬಿಡಬಾರದಿತ್ತಾ ಕಾಕಾ? ದೇವರಿಗೆ ಕೇಳಿಸ್ತಿರಲಿಲ್ವಾ?"

"ಕೇಳತಿತ್ತು ಬೇಟಾ," ಎಂದರು. "ನನಗ ಕೇಳತಿದ್ದಿಲ್ಲ."

ಆಮೇಲೆ ಎದ್ದು ಕೋಟಿನ ಜೇಬಿಗೆ ಕೈಹಾಕಿ, ಒಂದು ಹಿಡಿ ಹಿಕರಿ ಕಾಯಿ ಮೇಜಿನ ಮೇಲೆ ಇಟ್ಟರು. "ನಿನ್ನ ಪಾಲು. ಹಿಮದಾಗ ಕೆದರಿ ತಗದೇನಿ." ಎದ್ದು ನಡೆಯುವಾಗ ಅವರು ಬಲಗಾಲನ್ನು ಸ್ವಲ್ಪ ಎಳೆಯುತ್ತಿದ್ದುದನ್ನು ಚಾಚಿ ನೋಡಿದರು, ನಾನೂ ನೋಡಿದೆ. ನಿಂತು ನಿಂತು ಹಿಡಿದುಕೊಂಡಿರಬೇಕು ಅಂದುಕೊಂಡೆವು.

ಮರುದಿನ ನಮಾಜಿಗೆ ಮುಂಚೆ ಕಾಲು ತೊಳೆಯುವಾಗ ನಲ್ಲಿಯ ನೀರು ಹಬೆಯಾಡುವಷ್ಟು ಬಿಸಿ ಇತ್ತಂತೆ. ಕಾಕಾ ಅದರ ಕೆಳಗೆ ಪಾದವಿಟ್ಟು ಆರಾಮಾಗಿ ನಿಂತಿದ್ದರು. ಹಬೆ ಕಂಡು ಓಡಿಬಂದ ಚಾಚಿ, ಬೆರಳುಗಳು ಹಿಮದ ಚಳಿಗೆ ಕಪ್ಪುಗಟ್ಟಿರುವುದನ್ನು ನೋಡಿದರು. ಸಕ್ಕರೆಯವರ ಕಾಲಿಗೆ ಸ್ಪರ್ಶ ಉಳಿದಿದೆಯೇ ಎಂದು ಆಗಾಗ ಡಾಕ್ಟರು ಮುಟ್ಟಿ ನೋಡಬೇಕು. ಕಂಪನಿ ಕೊಟ್ಟಿದ್ದ ಆರೋಗ್ಯದ ಇನ್ಶೂರೆನ್ಸ್ ಕೆಲಸದ ಜೊತೆಗೇ ಹೋದ ಮೇಲೆ ಅದನ್ನು ಮುಟ್ಟಿದವರು ಯಾರೂ ಇರಲಿಲ್ಲ.

ಬಲಗಾಲಿನ ಹೆಬ್ಬೆರಳನ್ನೂ ಪಕ್ಕದ ಬೆರಳನ್ನೂ ತೆಗೆದರು. ನಾನು ಆಸ್ಪತ್ರೆಗೆ ಹೋದಾಗ ಹೊದಿಕೆಯ ಕೆಳಗೆ ಒಂದು ಪಾದ ಗುಡ್ಡದ ಹಾಗೆ ಬ್ಯಾಂಡೇಜು ಸುತ್ತಿಕೊಂಡಿತ್ತು. ಕಾಕಾ ಕಿಟಕಿ ಕಡೆ ಮುಖ ಮಾಡಿ ಮಲಗಿದ್ದರು.

"ಒಂದ ಕೇಸಿಗೆ ಡಿಸೈನ್ ಮಾಡಿದೆ ನೋಡವಾ."

ನಾನು ಕುರ್ಚಿಯನ್ನು ಹಾಸಿಗೆಯ ಹತ್ತಿರಕ್ಕೆ ಎಳೆದುಕೊಂಡೆ.

"ಅಕ್ಟೋಬರ್ ಕೇಸ್," ಎಂದರು. "ಫೋನ್ ಬರೂ ಕೇಸ್."

ಗಾಯ ಮಾಯಲಿಲ್ಲ. ಮತ್ತೊಮ್ಮೆ ಕೊಯ್ದರು, ಇನ್ನೂ ಮೇಲೆ. ವಸಂತದಲ್ಲಿ ಅವರ ಮನೆಯ ಬಾಗಿಲಿಗೂ ಬೀಗದಪೆಟ್ಟಿಗೆ ಬಿತ್ತು. ಸಾಮಾನು ಖಾಲಿ ಮಾಡುವ ದಿನ ಗುಜರಿಯವನೊಬ್ಬ ಟ್ರಕ್ಕು ತಂದು ಗ್ಯಾರೇಜಿನಲ್ಲಿದ್ದ ಕಬ್ಬಿಣ, ಹಿತ್ತಾಳೆ ಎಲ್ಲ ತುಂಬಿಕೊಂಡ. ಮಣೆಯನ್ನು ಎತ್ತಿ ನೋಡಿ, ಇದರಲ್ಲಿ ಏನೂ ಇಲ್ಲ ಎಂದು ನೆಲಕ್ಕೆ ಹಾಕಿದ. ಚಾಚಿ ಅದನ್ನು ಎತ್ತಿಕೊಂಡು ಸೆರಗಿನಲ್ಲಿ ಒರೆಸಿ ತಮ್ಮ ಪೆಟ್ಟಿಗೆಗೆ ಸೇರಿಸಿದರು. ಗ್ಲೆಂಡೇಲ್ ಹೈಟ್ಸ್‌ಗೆ ಹೊರಟ ಕಾರಿನ ಹಿಂದಿನ ಸೀಟಿನಲ್ಲಿ ಕಾಕಾ ಕಾಲು ಚಾಚಿ ಕೂತಿದ್ದರು. ಹೊರಡುವ ಮುನ್ನ ಮುಂದಿನ ಸೀಟಿನ ಬೆನ್ನನ್ನು ಬೆರಳಿಂದ ತಟ್ಟಿ, "ಇದು ನಮ್ಮದಲ್ಲ. ಭಾಳ ಭಾರ ಐತಿ," ಎಂದರು. ಅಷ್ಟೇ ಬೀಳ್ಕೊಡುಗೆ.

ಆ ವರ್ಷವೂ ನನಗೆ ಕೆಲಸ ಸಿಗಲಿಲ್ಲ. ಶಿಕಾಗೋ ಕಡೆ ಒಂದು ಇಂಟರ್‌ವ್ಯೂ ಇದ್ದಾಗ ಕಾಕಾರನ್ನು ಹೋಗಿ ನೋಡಿಬಂದೆ. ಇಂಟರ್‌ವ್ಯೂನಿಂದ ಏನೂ ಆಗಲಿಲ್ಲ. ಅವರ ಮಗಳ ಅಪಾರ್ಟ್‌ಮೆಂಟಿನ ನೆಲಮಹಡಿ, ಕಿಟಕಿಯ ಹೊರಗೆ ಪಾರ್ಕಿಂಗ್ ಲಾಟ್. ಕಾಕಾ ಗಾಲಿಕುರ್ಚಿಯಲ್ಲಿದ್ದರು. ಎಡಗಾಲಿಗೆ ಮಾತ್ರ ಊರಿನ ಚಪ್ಪಲಿ. ಮುಖ ಅಷ್ಟೊಂದು ಸಣ್ಣದಾದದ್ದನ್ನು ನೋಡಲಾಗದೆ ನಾನು ಊಟದ ಮೇಜಿನ ಕಡೆ ನೋಡಿದೆ. ನನಗೆಂದು ಮಾಡಿದ ಬೇಳೆಯ ಬಿಸಿ ಪಾತ್ರೆ ಮಣೆಯ ಮೇಲೆ ಕೂತಿತ್ತು.

ಕಾಕಾ ನನ್ನ ಕಣ್ಣು ಹೋದ ದಿಕ್ಕು ನೋಡಿ ನಕ್ಕರು. "ಬೆಸ್ಟ್ ಐತಿ. ತೂತ ಅದಾವಲ್ಲ, ಕೆ‌ಳಗ ಬಿಸಿ ಹಾಯೂದಿಲ್ಲ. ಈ ಕೇಸಿಗೆ ಡಿಸೈನ್ ಮಾಡಿದ್ದಿಲ್ಲ ನಾ."

"ಬಂದವರಿಗೆಲ್ಲಾ ಇದನ್ನ ಹೇಳ್ಕೋತ ಕುಂಡ್ರತಾರ," ಎಂದರು ಚಾಚಿ, ನನಗೆ ಬಡಿಸುತ್ತ. "ಬೀಸಾಡ್ರಿ ಅಂದ್ರ ಕೇಳಂಗಿಲ್ಲ."

"ನೀನ ಪೆಟ್ಟಿಗ್ಯಾಗ ಇಟ್ಟು ತಂದಿ."

"ನಾ ಪಾತ್ರಿ ಇಡಾಕ ತಂದೆ."

ಊಟವಾದ ಮೇಲೆ ಚಾಚಿ ಒಳಗೆ ಹೋದಾಗ ಕಾಕಾ ಕುರ್ಚಿಯನ್ನು ನನ್ನ ಹತ್ತಿರಕ್ಕೆ ಉರುಳಿಸಿಕೊಂಡು ದನಿ ತಗ್ಗಿಸಿದರು. ಏನೋ ಮುಖ್ಯವಾದದ್ದನ್ನು ಕೇಳುವವರ ಹಾಗೆ.

"ಆ ಕಾಯಿ ಹ್ಯಾಂಗಿದ್ವು?"

ಯಾವ ಕಾಯಿ ಎಂದು ಕೇಳಬೇಕಾಗಿರಲಿಲ್ಲ.

ಡಿಸೆಂಬರಿನ ಆ ದಿನ ಅವರ ಮನೆಯಿಂದ ಬಂದವಳೇ ನಾನು ಸುತ್ತಿಗೆ ಹಿಡಿದು ಕೂತಿದ್ದೆ. ಮೊದಲನೆಯದು ಪೊಳ್ಳು. ಎರಡನೆಯದರಲ್ಲಿ ಹುಳು ಕೊರೆದ ಕಪ್ಪು ಪುಡಿ. ಮೂರನೆಯದನ್ನು ಒಡೆಯುವ ಮೊದಲು ಕಣ್ಣು ಮುಚ್ಚಿ ಎರಡು ಬೆರಳಲ್ಲಿ ಎತ್ತಿದೆ. ಆಮೇಲೆ ಉಳಿದವನ್ನೂ ಒಂದೊಂದಾಗಿ ಎತ್ತಿದೆ. ಎಲ್ಲವೂ ಹಗುರ. ಅಳಿಲುಗಳು ಶರತ್ಕಾಲದಲ್ಲೇ ಗಟ್ಟಿ ಕಾಯಿಗಳನ್ನೆಲ್ಲ ಒಯ್ದು, ತಮಗೆ ಬೇಡವಾದದ್ದನ್ನು ಬಿಟ್ಟುಹೋಗಿದ್ದವು. ಲೋಟದಲ್ಲಿ ದುಡಿಯದ ಲೋಹವನ್ನು ಮುಟ್ಟಿ ಹೇಳುತ್ತಿದ್ದ ಬೆರಳುಗಳು, ಆ ಸಂಜೆ ಹಿಮದಲ್ಲಿ ಕೆದರುವಾಗ ಏನನ್ನೂ ಹೇಳಿರಲಿಲ್ಲ.

"ಬಹಳ ಸಿಹಿಯಾಗಿದ್ವು ಕಾಕಾ," ಅಂದೆ. "ಹೋಳಿಗೆಗೆ ಹಾಕಿದ್ದೆ."

"ಒಂದೂ ಪೊಳ್ಳ ಇರಲಿಲ್ಲ?"

"ಒಂದೂ ಇರಲಿಲ್ಲ."

ಅವರು ಕುರ್ಚಿಗೆ ಒರಗಿದರು. ಒಳಗಿದ್ದ ಚಾಚಿಗೆ ಕೇಳುವಷ್ಟು ಗಟ್ಟಿಯಾಗಿ ಕೂಗಿದರು: "ಕೇಳಿದೇನ? ಆ ವರ್ಷಾನೂ ನಾ ಏನರ ತಂದೇನಿ."

"ತಂದೀರಿ, ತಂದೀರಿ," ಎಂದರು ಚಾಚಿ ಒಳಗಿನಿಂದ, ಪಾತ್ರೆ ತೊಳೆಯುತ್ತ.

ಮುಂದಿನ ಚಳಿಗಾಲ ಬರುವ ಮೊದಲೇ ಅವರು ಹೋದರು. ಆ ಬೆಳಗ್ಗೆ ಸುದ್ದಿ ತಿಳಿದವಳು ಒಬ್ಬಳೇ ಡ್ರೈವ್ ಮಾಡಿಕೊಂಡು ಹೋದೆ. ನಾನು ತಲುಪುವ ಹೊತ್ತಿಗೆ ಮಣ್ಣು ಮಾಡಿ ಬಂದಿದ್ದರು. ಹೆಂಗಸರ ನಡುವೆ ಕೂತಿದ್ದ ಚಾಚಿ ನನ್ನ ಕೈ ಹಿಡಿದುಕೊಂಡು, ಊಟ ಮಾಡಿದೆಯಾ, ನಿನಗೆಂದು ಬೇಳೆ ಬೇರೆ ಇಡಿಸಿದ್ದೇನೆ ಎಂದರು.

ಒಡೆಯದೆ ಉಳಿದ ಕಾಯಿಗಳು ಈಗಲೂ ನನ್ನ ಅಡುಗೆ ಕಟ್ಟೆಯ ಮೇಲೆ, ಅಮ್ಮನ ಆ ಭಾರದ ಸ್ಟೀಲ್ ಲೋಟದಲ್ಲಿವೆ. ಮನೆಗೆ ಬಂದವರು ಅಕ್ರೋಟವೆಂದುಕೊಂಡು ಒಡೆಯಲು ಕೇಳುತ್ತಾರೆ. ಬೇಡ ಎನ್ನುತ್ತೇನೆ. ಒಡೆದು ನೋಡಬೇಕಾಗಿಲ್ಲ, ಕಣ್ಣು ಮುಚ್ಚಿ ಎರಡು ಬೆರಳಲ್ಲಿ ಎತ್ತಿದರೆ ತಿಳಿಯುತ್ತದೆ. ಅವರು ಕಲಿಸಿದ ಎಲ್ಲದರಲ್ಲಿ ನನಗೆ ಚೆನ್ನಾಗಿ ಬರುವುದು ಅದೊಂದೇ.